ಕಾಲಜ್ಞಾನವೂ ಶರಣರ ನಡೆಯೂ

ಬೆಳ್ತಂಗಡಿ ತಾಲೂಕಿನ ಗುರುವಾಯನಕೆರೆಯು ದಾರಿಗಳು ಕೂಡುವ ಊರು. ಬಂಟ್ವಾಳದಿಂದ ಬಂದ ದಾರಿಯು ಇಲ್ಲಿಂದ ಮುಂದೆ ಬೆಳ್ತಂಗಡಿ, ಉಜಿರೆಗಳನ್ನು ಹಾದು ಚಾರ್ಮಾಡಿ ಘಟ್ಟದ ಕಡೆಗೂ ಧರ್ಮಸ್ಥಳದ ಕಡೆಗೂ ಸಾಗುತ್ತದೆ. ಬೇರೊಂದು ವೇಣೂರಿನ ಮಾರ್ಗವಾಗಿ ಮೂಡುಬಿದಿರೆಗೆ ಹೋಗುತ್ತದೆ. ಊರಿಗೆ ಹೆಸರು ಕೊಟ್ಟ ವಿಶಾಲವಾದ ಕೆರೆ ದಾರಿಹೋಕರ ಕಣ್ಣಿಗೆ ಬೀಳುತ್ತದೆ. ಈ ಸುತ್ತಿನಲ್ಲಿ ಬಸದಿಗಳಿವೆ, ಶಿವಾಲಯಗಳಿವೆ, ಮಸೀದಿ ಇಗರ್ಜಿಗಳಿವೆ. ಎಲ್ಲಕ್ಕೂ ಹೆಚ್ಚಾಗಿ ಗುತ್ತು ಬೀಡುಗಳಿಗೂ ಸಾಮಾನ್ಯರ ಮನೆಗಳಿಗೂ ಸೇರಿದ ದೈವಸ್ಥಾನಗಳಿವೆ. ದೀಪಾವಳಿಯ ತರುವಾಯ ಆರಂಭವಾಗಿ, ಮೇ ತಿಂಗಳ ಕಡೆಯ ವಾರದಲ್ಲಿ ಬರುವ ಪತ್ತನಾಜೆಯವರೆಗೆ ಇಲ್ಲಿ ಕೋಲ ನೇಮಗಳು ನಡೆಯುತ್ತವೆ. ಅಂತಹ ರಾತ್ರಿಗಳಲ್ಲಿ ಜನರು ಕಾದು ನಿಂತಿರುವುದು ಬಣ್ಣ, ಅಣಿ, ಗಗ್ಗರಗಳ ವೈಭವಕ್ಕಾಗಿ ಮಾತ್ರವಲ್ಲ, ದೈವದ ನುಡಿಗಾಗಿ. ಮನೆಯಲ್ಲಿ ರೋಗ ತೀರದವರು, ಜಾಗದ ತಕರಾರಿನಲ್ಲಿ ಸಿಲುಕಿದವರು, ಮಗಳಿಗೆ ಸಂಬಂಧ ಕೂಡಿಬಾರದವರು, ದೂರದೇಶಕ್ಕೆ ಹೊರಟವರು, ಎಲ್ಲರೂ ನಾಳೆಯ ಮಾತೊಂದನ್ನು ಕೇಳಿಕೊಂಡು ಹೋಗಲು ಬಂದಿರುತ್ತಾರೆ.

ಧರ್ಮವು ಇರುವೆಡೆಯಲ್ಲೆಲ್ಲ ನಾಳೆಯ ನುಡಿ ಇದೆ. ಅದಕ್ಕೆ ಭವಿಷ್ಯವಾಣಿಯೆಂದೂ ಕಾರಣಿಕವೆಂದೂ ಕಾಲಜ್ಞಾನವೆಂದೂ ಬೇರೆ ಬೇರೆ ಹೆಸರು. ಇವೆಲ್ಲವನ್ನೂ ಮೂಢನಂಬಿಕೆಯೆಂಬ ಒಂದೇ ಮಾತಿನಿಂದ ತಳ್ಳಿಹಾಕುವುದು ಸುಲಭ. ದೈವಪ್ರೇರಿತವೆಂಬ ಒಂದೇ ಮಾತಿನಿಂದ ತಲೆಯ ಮೇಲೆ ಹೊತ್ತುಕೊಳ್ಳುವುದು ಇನ್ನೂ ಸುಲಭ. ವಿಚಾರಕ್ಕೆ ಅರ್ಹವಾದುದು ಬೇರೆಯೇ ಇದೆ. ಇಂತಹ ನುಡಿಯು ಕೇಳಿದವನ ಕೈಯಲ್ಲಿ ಕೆಲಸವನ್ನು ಇಡುತ್ತದೆಯೋ, ಇಲ್ಲವೇ ಇದ್ದ ಕೆಲಸವನ್ನೂ ಕಿತ್ತುಕೊಳ್ಳುತ್ತದೆಯೋ? ಅದು ಯಾರ ಪಕ್ಷವಾಗಿ ಆಡಲ್ಪಡುತ್ತದೆ? ಅದರ ಬೆಲೆಯನ್ನು ತೆರುವವರು ಯಾರು? ವೀರಶೈವರಲ್ಲಿ ಕಾಲಜ್ಞಾನದ ದೊಡ್ಡದೊಂದು ಸಾಹಿತ್ಯರಾಶಿಯೇ ಇರುವುದರಿಂದ ಈ ಪ್ರಶ್ನೆಗಳು ಶರಣಮಾರ್ಗದವರಿಗೆ ಹೊರಗಿನವಲ್ಲ.

ಮೊದಲು ತುಳುನಾಡಿನ ನುಡಿಯನ್ನೇ ನೋಡಬೇಕು. ದೂರದಿಂದ ನೋಡುವವರು ಅದನ್ನು ಕಣಿ ಹೇಳುವುದಕ್ಕೆ ಸಮನೆಂದು ತಿಳಿಯುವುದುಂಟು. ಹತ್ತಿರದಿಂದ ಕೇಳಿದರೆ ಅದರ ಸ್ವರೂಪವೇ ಬೇರೆ. ಮೊದಲು ದೈವದ ಹುಟ್ಟು, ಸಂಚಾರ, ಕಾರ್ಣಿಕಗಳನ್ನು ಹೇಳುವ ಪಾಡ್ದನ. ಮದಿಪಿನ ಮೂಲಕ ದೈವಕ್ಕೆ ಬಿನ್ನಹ. ಅನಂತರ ದೈವದ ನುಡಿ. ಆ ನುಡಿಯಲ್ಲಿ ಮುಂದೆ ಆಗುವುದರ ವರದಿಗಿಂತ ಹೆಚ್ಚಾಗಿರುವುದು ಅಭಯ, ಎಚ್ಚರಿಕೆ, ತೀರ್ಪು. ಅಣ್ಣತಮ್ಮಂದಿರ ಕಲಹವಿದ್ದರೆ ಇಬ್ಬರನ್ನೂ ಎದುರಿಗೆ ನಿಲ್ಲಿಸಿ ಕೇಳುವುದುಂಟು. ಹರಕೆಯನ್ನು ಮರೆತವನಿಗೆ ನೆನಪು ಮಾಡುವುದುಂಟು. ಜನರು ಬಂದುದು ನಾಳೆಯನ್ನು ಕೇಳಲು, ಆದರೆ ಅವರಿಗೆ ದೊರಕುವುದು ಬಹುಮಟ್ಟಿಗೆ ನಿನ್ನೆಯ ಲೆಕ್ಕ ಮತ್ತು ಇಂದಿನ ಕರ್ತವ್ಯ.

ಇನ್ನೊಂದು ಸಂಗತಿ ಮುಖ್ಯವಾದುದು. ದೈವವನ್ನು ಮೈಮೇಲೆ ತಂದುಕೊಂಡು ನುಡಿಯುವವರು ನಲಿಕೆ, ಪರವ, ಪಂಬದ ಮೊದಲಾದ ಸಮುದಾಯಗಳವರು. ಶತಮಾನಗಳ ಕಾಲ ಗುತ್ತಿನ ಅಂಗಳವನ್ನು ದಾಟಿ ಒಳಗೆ ಬರಲು ಅವರಿಗೆ ಅವಕಾಶವಿರಲಿಲ್ಲ. ಕೋಲದ ರಾತ್ರಿ ಮಾತ್ರ ಅದೇ ಗುತ್ತಿನ ಯಜಮಾನನು ಕೈಮುಗಿದು ಎದುರಿಗೆ ನಿಲ್ಲಬೇಕು, ಹೆಸರು ಹಿಡಿದು ಕರೆದರೆ ಓಗೊಡಬೇಕು, ತಪ್ಪಿದ್ದರೆ ಒಪ್ಪಿಕೊಳ್ಳಬೇಕು. ಹಗಲಿನಲ್ಲಿ ಆಡಲಾರದ ಮಾತು ರಾತ್ರಿಯಲ್ಲಿ ದೈವದ ಬಾಯಿಂದ ಹೊರಡುತ್ತದೆ. ನಾಳೆಯ ನುಡಿಗೆ ಸಮಾಜದಲ್ಲಿರುವ ಬಹು ದೊಡ್ಡ ಉಪಯೋಗ ಇಲ್ಲಿಯೇ ಇದೆ.

ಈ ಸೀಮೆಯ ಕಲ್ಕುಡ ಕಲ್ಲುರ್ಟಿಯರ ಕಥೆ ಇದಕ್ಕೆ ನಿದರ್ಶನ. ಕಾರ್ಕಳದಲ್ಲಿ ಗೊಮ್ಮಟನನ್ನು ಕಡೆದ ಶಿಲ್ಪಿ ಕಲ್ಕುಡನು ಅಂತಹ ಮೂರ್ತಿಯನ್ನು ಮತ್ತೊಬ್ಬರಿಗೆ ಮಾಡಿಕೊಡಬಾರದೆಂದು ಭೈರವರಸನು ಅವನ ಒಂದು ಕೈಯನ್ನೂ ಒಂದು ಕಾಲನ್ನೂ ಕಡಿಸಿದನಂತೆ. ಕಲ್ಕುಡನು ಉಳಿದ ಕೈಯಿಂದಲೇ ವೇಣೂರಿನಲ್ಲಿ ಮತ್ತೊಬ್ಬ ಗೊಮ್ಮಟನನ್ನು ನಿಲ್ಲಿಸಿದನು. ಅಣ್ಣನ ಸ್ಥಿತಿಯನ್ನು ಕಂಡ ತಂಗಿ ಕಲ್ಲುರ್ಟಿ ಕೆರಳಿದಳು. ಅಣ್ಣ ತಂಗಿಯರಿಬ್ಬರೂ ಮಾಯವಾಗಿ ದೈವಗಳಾಗಿ ಅರಸನ ಊರನ್ನು ಕಾಡಿದರು. ಇತಿಹಾಸಜ್ಞರು ಇಲ್ಲಿ ಕೂಡಲೇ ಒಂದು ಆಕ್ಷೇಪವನ್ನು ಎತ್ತುತ್ತಾರೆ. ಕಾರ್ಕಳದ ಗೊಮ್ಮಟನ ಪ್ರತಿಷ್ಠೆ 1432ರಲ್ಲಿ. ವೇಣೂರಿನದು 1604ರಲ್ಲಿ, ಅಜಿಲ ಅರಸನಾದ ತಿಮ್ಮರಾಜನಿಂದ. ನಡುವೆ 172 ವರ್ಷಗಳ ಅಂತರ. ಒಬ್ಬನೇ ಶಿಲ್ಪಿ ಎರಡನ್ನೂ ಕಡೆಯುವುದು ಅಸಾಧ್ಯ. ಆಕ್ಷೇಪವು ನ್ಯಾಯವಾದುದೇ. ಆದರೆ ಪಾಡ್ದನವು ಕಾಲಗಣನೆಗೆ ಹುಟ್ಟಿದ ಗ್ರಂಥವಲ್ಲ. ಮೂರ್ತಿಯ ಬುಡದಲ್ಲಿ ಅರಸನ ಹೆಸರು ಕಲ್ಲಿನಲ್ಲಿ ಉಳಿಯಿತು. ಉಳಿ ಹಿಡಿದವನ ಪಾಡನ್ನು ಹೇಳಲು ಜನರಿಗೆ ಪಾಡ್ದನವೇ ಬೇಕಾಯಿತು. ಶಾಸನವು ಹೇಳದೆ ಬಿಟ್ಟುದನ್ನು ದೈವದ ಬಾಯಿ ಹೇಳುತ್ತ ಬಂದಿದೆ. ಬಂಟ್ವಾಳ ತಾಲೂಕಿನ ಪಣೋಲಿಬೈಲಿನಲ್ಲಿ ಕಲ್ಲುರ್ಟಿಗೆ ಅಗೆಲು ಸೇವೆ ಸಲ್ಲಿಸಲು ಇಂದಿಗೂ ಬರುವ ಜನರು ಅನ್ಯಾಯಕ್ಕೆ ಒಳಗಾದವರ ಪರವಾಗಿ ನಿಲ್ಲುವ ಒಬ್ಬಳು ಇದ್ದಾಳೆಂಬ ಧೈರ್ಯದಿಂದ ಬರುತ್ತಾರೆ.

ಇದೇ ಬಗೆಯ ನುಡಿಯು ಬಹು ದೂರದ ಇನ್ನೊಂದು ನಾಡಿನಲ್ಲಿಯೂ ಹುಟ್ಟಿತ್ತು. ಯೆಹೂದ್ಯರ ಧರ್ಮಗ್ರಂಥದಲ್ಲಿ ಬರುವ ಪ್ರವಾದಿಗಳನ್ನು ಭವಿಷ್ಯ ಹೇಳುವವರೆಂದು ಮಾತ್ರ ಎಣಿಸುವುದು ವಾಡಿಕೆಯ ತಪ್ಪು. ದಾವೀದರಸನು ತನ್ನ ಸೈನಿಕನಾದ ಊರೀಯನ ಹೆಂಡತಿಯನ್ನು ಬಯಸಿ, ಆ ಸೈನಿಕನನ್ನು ಯುದ್ಧದ ಮುಂಚೂಣಿಗೆ ನೂಕಿ ಕೊಲ್ಲಿಸಿದಾಗ ನಾತಾನನೆಂಬ ಪ್ರವಾದಿಯು ಅರಮನೆಗೆ ಹೋದನು. ಬಡವನೊಬ್ಬನ ಏಕೈಕ ಕುರಿಮರಿಯನ್ನು ಕಸಿದ ಸಿರಿವಂತನ ಕಥೆಯನ್ನು ಹೇಳಿ, ಅರಸನು ಆ ಸಿರಿವಂತನ ಮೇಲೆ ಕೋಪಗೊಂಡಾಗ, ಅವನು ಬೇರೆ ಯಾರೂ ಅಲ್ಲವೆಂದು ಅರಸನ ಮುಖದೆದುರಿಗೇ ತೋರಿಸಿಕೊಟ್ಟನು. ಇಲ್ಲಿ ನಾತಾನನು ಮೊದಲು ಹೇಳಿದುದು ನಿನ್ನೆ ನಡೆದುದನ್ನು. ಅದನ್ನು ಎಲ್ಲರೂ ಬಲ್ಲರು, ಹೇಳುವವರಿರಲಿಲ್ಲ. ಬರಲಿರುವ ದಂಡನೆಯ ಮಾತು ಅದರ ಹಿಂದೆ ಬಂತು.

ಯೋನನೆಂಬ ಪ್ರವಾದಿಯ ಕಥೆ ಇನ್ನೂ ವಿಚಿತ್ರ. 40 ದಿನಗಳಲ್ಲಿ ನಿನೆವೆ ಪಟ್ಟಣವು ನಾಶವಾಗುವುದೆಂದು ಅವನು ಸಾರಿದನು. ಪಟ್ಟಣದ ಜನರು, ಅರಸನೂ ಸೇರಿ, ಬೆದರಿ ತಮ್ಮ ನಡತೆಯನ್ನು ತಿದ್ದಿಕೊಂಡರು, ಪಟ್ಟಣ ಉಳಿಯಿತು. ಆಡಿದ ಮಾತು ಸುಳ್ಳಾಯಿತಲ್ಲಾ ಎಂದು ಪ್ರವಾದಿಗೆ ಮುನಿಸು ಬಂತು. ಊರ ಹೊರಗೆ ಕುಳಿತು ದೇವರೊಡನೆ ಜಗಳವಾಡಿದನು. ಈ ಕಥೆಯನ್ನು ಕಟ್ಟಿದವನು ಬಹು ಸೂಕ್ಷ್ಮಬುದ್ಧಿಯವನಿರಬೇಕು. ತನ್ನ ಮಾತು ನಿಜವಾಗಲೆಂದು ಸಾವಿರಾರು ಜನರ ನಾಶವನ್ನು ಬಯಸುವ ಪ್ರವಾದಿಯನ್ನು ಅವನು ನಗೆಗೀಡು ಮಾಡಿದ್ದಾನೆ. ವೈದ್ಯನು ಪಥ್ಯ ಮಾಡದಿದ್ದರೆ ಕಷ್ಟವೆಂದು ಹೇಳಿ, ರೋಗಿಯು ಪಥ್ಯ ಮಾಡಿ ಬದುಕಿಕೊಂಡರೆ ವೈದ್ಯನ ಮಾತು ಸುಳ್ಳಾಯಿತೆಂದು ಯಾರಾದರೂ ಹೇಳುವರೇ? ಆದರೂ ಕಾಲಜ್ಞಾನವು ನಿಜವಾಯಿತೋ ಇಲ್ಲವೋ ಎಂಬ ಚರ್ಚೆಯಲ್ಲಿ ಕಾಲ ಕಳೆಯುವವರು ಯೋನನ ಮುನಿಸನ್ನೇ ಮುಂದುವರಿಸುತ್ತಿರುತ್ತಾರೆ.

ಈಗ ವೀರಶೈವ ಕಾಲಜ್ಞಾನಗಳ ಕಡೆಗೆ ಬರಬಹುದು. ಬಸವಣ್ಣ, ಚನ್ನಬಸವಣ್ಣ, ಸಿದ್ಧರಾಮ ಮೊದಲಾದವರ ಹೆಸರಿನಲ್ಲಿ ಅನೇಕ ಕಾಲಜ್ಞಾನ ವಚನಗಳು ಓಲೆಗರಿಗಳಲ್ಲಿ ಉಳಿದುಬಂದಿವೆ. 16ನೆಯ ಶತಮಾನದ ಕೊಡೇಕಲ್ಲ ಬಸವಣ್ಣನ ಪರಂಪರೆಯಲ್ಲಿ ಕಾಲಜ್ಞಾನವು ಬರಿಯ ಗ್ರಂಥವಾಗದೆ ಜನರು ಕೂಡಿ ಕೇಳುವ ಆಚರಣೆಯೂ ಆಯಿತು. ವಿರೂಪಾಕ್ಷ ಪಂಡಿತನು 1584ರಲ್ಲಿ ರಚಿಸಿದ ಚನ್ನಬಸವಪುರಾಣದಲ್ಲಿ ಚನ್ನಬಸವಣ್ಣನು ಸಿದ್ಧರಾಮನಿಗೆ ಮುಂದಾಗುವುದನ್ನು ತಿಳಿಸುವ ಭಾಗವೊಂದಿದೆ. ಹಾಳಾದ ಕಲ್ಯಾಣವು ಮತ್ತೆ ಕಟ್ಟಲ್ಪಡುವುದು, ವೀರ ವಸಂತರಾಯನು ಬಂದು ಆಳುವನು, ಚದುರಿಹೋದ ಶರಣರು ತಿರುಗಿ ಕೂಡುವರು ಎಂಬುದು ಈ ಸಾಹಿತ್ಯದ ತಿರುಳು.

ಇದನ್ನು ಓದುವಾಗ ಸತ್ಯವನ್ನು ಮರೆಮಾಡುವುದು ಶರಣಧರ್ಮಕ್ಕೆ ಸಲ್ಲದು. ಹನ್ನೆರಡನೆಯ ಶತಮಾನದ ಚನ್ನಬಸವಣ್ಣನ ಬಾಯಲ್ಲಿ ಇಡಲಾದ ಈ ಭವಿಷ್ಯದಲ್ಲಿ ಕವಿಯ ಕಾಲಕ್ಕಿಂತ ಹಿಂದಿನ ಅರಸುಮನೆತನಗಳ ಸಂಗತಿಗಳು ಸ್ಪಷ್ಟವಾಗಿ ಬರುತ್ತವೆ. ಕವಿಯ ಕಾಲವನ್ನು ದಾಟಿದ ಮೇಲಿನ ಸಂಗತಿಗಳು ನಡೆದ ಇತಿಹಾಸಕ್ಕೆ ಹೊಂದುವುದಿಲ್ಲ. ಇದರ ಕಾರಣವನ್ನು ಬಿಡಿಸಿ ಹೇಳಬೇಕಾದುದಿಲ್ಲ. ಲೋಕದ ಅನೇಕ ಧರ್ಮಗಳಲ್ಲಿ ಇಂತಹ ಗ್ರಂಥಗಳಿವೆ. ಆಗಿಹೋದುದನ್ನು ಆಗಲಿರುವುದೆಂದು ಹಿರಿಯರ ಹೆಸರಿನಲ್ಲಿ ಹೇಳುವುದು ಹಳೆಯ ಕಾಲದ ಒಂದು ಬರವಣಿಗೆಯ ರೀತಿ. ಅದನ್ನು ಮೋಸವೆಂದು ಬಗೆಯುವುದಕ್ಕಿಂತ, ಅದು ಏಕೆ ಬೇಕಾಯಿತೆಂದು ಕೇಳುವುದು ಮೇಲು.

ಏಕೆ ಬೇಕಾಯಿತು? 1167ರ ಸುಮಾರಿಗೆ ಕಲ್ಯಾಣದಲ್ಲಿ ಹರಳಯ್ಯ ಮಧುವರಸರಿಗೆ ಎಳೆಹೂಟೆಯ ಶಿಕ್ಷೆಯಾಯಿತು, ಬಿಜ್ಜಳನು ಕೊಲೆಯಾದನು, ಶರಣರು ದಿಕ್ಕುದಿಕ್ಕಿಗೆ ಚದುರಿದರು. ಸಮಗಾರನ ಮಗನಿಗೂ ಬ್ರಾಹ್ಮಣನ ಮಗಳಿಗೂ ಲಗ್ನವಾಗಬಲ್ಲ ಸಮಾಜವೊಂದನ್ನು ಕಣ್ಣಾರೆ ಕಂಡವರು ಅದು ಒಡೆದುಹೋದುದನ್ನೂ ಕಂಡರು. ಮುಂದೆ ವಿಜಯನಗರದ ಪ್ರೌಢದೇವರಾಯನ ಕಾಲದಲ್ಲಿ ವೀರಶೈವಕ್ಕೆ ಮತ್ತೆ ಆಸರೆ ದೊರಕಿತು. 1565ರಲ್ಲಿ ಆ ವಿಜಯನಗರವೂ ಪಾಳುಬಿತ್ತು. ವಿರೂಪಾಕ್ಷ ಪಂಡಿತನು ಬರೆದುದು ಅದಾದ 19 ವರ್ಷಗಳಿಗೆ. ಹಾಳುಬಿದ್ದ ಎರಡು ಪಟ್ಟಣಗಳನ್ನು ಹಿಂದೆ ಇಟ್ಟುಕೊಂಡು ಬರೆದವನ ಮನಸ್ಸು ಮೂರನೆಯದೊಂದನ್ನು ಮುಂದೆ ಕಾಣಬಯಸಿದರೆ ಆಶ್ಚರ್ಯವಿಲ್ಲ. ಕಲ್ಯಾಣವು ತಪ್ಪಾಗಿದ್ದುದರಿಂದ ಬೀಳಲಿಲ್ಲ, ಇನ್ನೂ ಮುಗಿಯದೆ ಉಳಿದಿದೆ ಎಂಬುದೇ ವಸಂತರಾಯನ ಕಥೆಯ ಒಳಗಿನ ಮಾತು. ಸೋತವರಿಗೆ ಆ ಮಾತು ಅನ್ನದಷ್ಟೇ ಅವಶ್ಯಕವಾಗಿತ್ತು.

ಆದರೆ ಅನ್ನವೂ ಮಿತಿಮೀರಿದರೆ ವಿಷ. ವಸಂತರಾಯನು ಬಂದೇ ಬರುವನೆಂದು ನಂಬಿದವನಿಗೆ ಎರಡು ದಾರಿಗಳಿವೆ. ಬರುವವನಿಗೆ ತಕ್ಕಂತೆ ತನ್ನ ಓಣಿಯನ್ನು ಇಂದಿನಿಂದಲೇ ಕಲ್ಯಾಣವಾಗಿಸತೊಡಗುವುದು ಒಂದು. ಅವನು ಬಂದ ಮೇಲೆ ನೋಡೋಣವೆಂದು ಸುಮ್ಮನಿರುವುದು ಇನ್ನೊಂದು. ಪುರಾಣಶ್ರವಣ ಮಾಡಿ ಮನೆಗೆ ಹೋದವರಲ್ಲಿ ಹೆಚ್ಚಿನವರು ಯಾವ ದಾರಿಯನ್ನು ಹಿಡಿದರೆಂಬುದಕ್ಕೆ ಮುಂದಿನ ಶತಮಾನಗಳ ಸಮಾಜವೇ ಸಾಕ್ಷಿ. ಹರಳಯ್ಯ ಮಧುವರಸರ ಬೀಗತನವನ್ನು ಪುರಾಣದಲ್ಲಿ ಕೇಳಿ ಕಣ್ಣೊರಸಿಕೊಂಡವರ ಮನೆಯಲ್ಲಿಯೇ ಒಳಪಂಗಡವನ್ನು ಕೇಳದೆ ಹೆಣ್ಣು ಕೊಡುವ ಪದ್ಧತಿ ಇರಲಿಲ್ಲ; ಇಂದಿಗೂ ಅದು ಪೂರ್ತಿಯಾಗಿ ಹೋಗಿಲ್ಲ.

ಯೆರೆಮೀಯನೆಂಬ ಇನ್ನೊಬ್ಬ ಪ್ರವಾದಿಯ ಸಂಗತಿ ಇಲ್ಲಿ ನೆನಪಿಗೆ ಬರಬೇಕಾದುದು. ಅವನ ನಾಡಿನ ಜನರನ್ನು ಬಾಬಿಲೋನಿನ ಅರಸನು ಸೆರೆ ಒಯ್ದಿದ್ದನು. ಎರಡೇ ವರ್ಷಗಳಲ್ಲಿ ಬಿಡುಗಡೆಯಾಗುವುದೆಂದು ಹನನ್ಯನೆಂಬವನು ಸಾರಿದನು. ಜನರಿಗೆ ಅದು ಹಿತವಾಯಿತು. ಯೆರೆಮೀಯನು ಸೆರೆಯಲ್ಲಿದ್ದವರಿಗೆ ಓಲೆ ಕಳುಹಿಸಿ, ಕಾಲ ದೀರ್ಘವಾಗಿದೆ, ಮನೆ ಕಟ್ಟಿಕೊಳ್ಳಿರಿ, ತೋಟ ಮಾಡಿರಿ, ಮಕ್ಕಳ ಮದುವೆ ಮಾಡಿರಿ, ಇರುವ ಊರಿನ ಒಳಿತಿಗಾಗಿ ಬೇಡಿಕೊಳ್ಳಿರಿ ಎಂಬ ಅರ್ಥದ ಮಾತುಗಳನ್ನು ತಿಳಿಸಿದನು. ಅವನನ್ನು ದ್ರೋಹಿಯೆಂದರು, ಹೊಡೆದರು, ಕೆಸರಿನ ಬಾವಿಗೆ ಇಳಿಸಿದರು. ಕ್ರಿ.ಪೂ. 586ರ ಸುಮಾರಿಗೆ ಅವನ ಎಚ್ಚರಿಕೆಯಂತೆಯೇ ಯೆರೂಸಲೇಮು ಬಿತ್ತು. ಯಾರ ನುಡಿ ಫಲಿಸಿತೆಂಬುದಕ್ಕಿಂತಲೂ ಗಮನಾರ್ಹವಾದುದು ಅವನು ಕೇಳುಗರಿಗೆ ಕೆಲಸ ಹೇಳಿದನೆಂಬುದು.

ಹಿತವಾದ ನುಡಿಯನ್ನು ನಂಬಿ ಒಂದು ಜನಾಂಗವೇ ಹಾಳಾದುದಕ್ಕೆ ಆಫ್ರಿಕಾದ ದಕ್ಷಿಣ ತುದಿಯಲ್ಲಿ ಭಯಂಕರ ನಿದರ್ಶನವಿದೆ. 1856ರಲ್ಲಿ ಖೋಸಾ ಜನರ ನಡುವೆ ನೊಂಗ್ಕಾವುಸೆ ಎಂಬ ಹದಿಹರೆಯದ ಹುಡುಗಿಯೊಬ್ಬಳಿಗೆ ಪೂರ್ವಿಕರು ಕಾಣಿಸಿಕೊಂಡರೆಂದು ಸುದ್ದಿಯಾಯಿತು. ದನಗಳನ್ನೆಲ್ಲ ಕೊಂದು, ಧಾನ್ಯವನ್ನು ಚೆಲ್ಲಿ, ಬಿತ್ತನೆಯನ್ನು ನಿಲ್ಲಿಸಿದರೆ ಸತ್ತ ಹಿರಿಯರು ಹೊಸ ದನಗಳೊಡನೆ ಎದ್ದುಬರುವರು, ಬಿಳಿಯರು ಸಮುದ್ರದ ಪಾಲಾಗುವರು ಎಂಬುದು ನುಡಿ. ದನಗಳಿಗೆ ಆಗಲೇ ರೋಗ ತಗುಲಿತ್ತು, ಭೂಮಿ ಪರರ ಪಾಲಾಗಿತ್ತು. ನಂಬಲು ಜನ ಸಿದ್ಧರಾಗಿದ್ದರು. ಸುಮಾರು 4 ಲಕ್ಷ ದನಗಳನ್ನು ಕೊಂದರು. 1857ರ ಫೆಬ್ರವರಿಯಲ್ಲಿ ಗೊತ್ತಾದ ದಿನ ಬಂದು ಹೋಯಿತು, ಯಾರೂ ಏಳಲಿಲ್ಲ. ಸುಮಾರು 40,000 ಜನರು ಹಸಿವಿನಿಂದ ಸತ್ತರು. ಉಳಿದವರಲ್ಲಿ ಸಾವಿರಾರು ಮಂದಿ ಕೂಲಿ ಹುಡುಕಿಕೊಂಡು ಆ ಬಿಳಿಯರ ಹೊಲಗಳಿಗೇ ಹೋಗಬೇಕಾಯಿತು. ಹುಡುಗಿಯನ್ನು ನಿಂದಿಸುವುದು ವ್ಯರ್ಥ. ಬಿತ್ತಬೇಡವೆಂದು ಹೇಳಿದ ನುಡಿಯನ್ನು ಹಿರಿಯರು ಹೇಗೆ ಒಪ್ಪಿದರೆಂಬುದೇ ಪ್ರಶ್ನೆ.

ಇದರ ಎದುರಿಗೆ ಗುರುವಾಯನಕೆರೆಗೆ ಹತ್ತಿರದ ಸಂಗತಿಯೊಂದನ್ನು ಇಡಬಹುದು. 1834ರಲ್ಲಿ ಇಂಗ್ಲಿಷರು ಕೊಡಗಿನ ಹಾಲೇರಿ ವಂಶದ ವೀರಶೈವ ಅರಸನನ್ನು ಪದಚ್ಯುತಗೊಳಿಸಿ, ಅಮರ ಸುಳ್ಯ ಸೀಮೆಯನ್ನು ಕೆನರಾ ಜಿಲ್ಲೆಗೆ ಸೇರಿಸಿದರು. ಧಾನ್ಯದಲ್ಲಿ ತೆರುತ್ತಿದ್ದ ಕಂದಾಯವನ್ನು ನಗದಿನಲ್ಲಿ ತೆರಬೇಕಾಯಿತು. ಹಾಲೇರಿ ವಂಶದವನು ತಿರುಗಿ ಬಂದಿದ್ದಾನೆಂಬ ನಂಬಿಕೆ ಜನರಲ್ಲಿ ಹರಡಿತು. ಕಲ್ಯಾಣಸ್ವಾಮಿಯೆಂಬ ಹೆಸರಿನಲ್ಲಿ ಪುಟ್ಟಬಸಪ್ಪನೆಂಬವನು ಮುಂದೆ ನಿಂತನು. ಕೆದಂಬಾಡಿ ರಾಮಯ್ಯ ಗೌಡ ಮೊದಲಾದವರು ಜನರನ್ನು ಕೂಡಿಸಿದರು. 1837ರ ಏಪ್ರಿಲಿನಲ್ಲಿ ಈ ರೈತರ ದಂಡು ಘಟ್ಟದ ಬುಡದಿಂದ ನಡೆದು ಮಂಗಳೂರನ್ನು ಹಿಡಿದು 13 ದಿನ ಆಳಿತು. ಅನಂತರ ಸೋಲು, ಗಲ್ಲು, ಗಡೀಪಾರು. ಮರಳಿ ಬರುವ ಅರಸನೆಂಬ ಕನಸು ಇಲ್ಲಿಯೂ ನಿಜವಾಗಲಿಲ್ಲ. ಆದರೂ ಖೋಸಾ ಜನರ ಕಾಯುವಿಕೆಗೂ ಸುಳ್ಯದ ರೈತರ ನಡಿಗೆಗೂ ಅಂತರವಿದೆ. ಅವರು ಅರಸನು ಬಂದು ತಮ್ಮನ್ನು ಬಿಡಿಸಲೆಂದು ಮನೆಯಲ್ಲಿ ಕೂಡಲಿಲ್ಲ, ಅರಸನ ಹೆಸರನ್ನು ಧ್ವಜವಾಗಿ ಹಿಡಿದು ತಾವೇ ಹೊರಟರು. ಅವರಿಗೆ ‘ಕಾಟಕಾಯಿ’ ಎಂಬ ಹಗುರವಾದ ಹೆಸರು ಬಹುಕಾಲ ಅಂಟಿಕೊಂಡಿದ್ದುದು ಖೇದದ ಸಂಗತಿ.

ಹೂವಿನಹಡಗಲಿ ತಾಲೂಕಿನ ಮೈಲಾರದ ಕಾರಣಿಕವನ್ನೂ ಒಂದು ಮಾತಿನಲ್ಲಿ ಹೇಳಿ ಮುಂದುವರಿಯಬಹುದು. ಭರತ ಹುಣ್ಣಿಮೆಯ ಜಾತ್ರೆಯಲ್ಲಿ ಉಪವಾಸವಿದ್ದ ಗೊರವಯ್ಯನು ಎತ್ತರದ ಬಿಲ್ಲನ್ನೇರಿ, ಲಕ್ಷಾಂತರ ಜನರು ಉಸಿರು ಬಿಗಿಹಿಡಿದು ನಿಂತಿರುವಾಗ ಒಂದೇ ವಾಕ್ಯವನ್ನು ನುಡಿದು ಕೆಳಗೆ ಬೀಳುತ್ತಾನೆ. ಆ ವಾಕ್ಯವು ಎರಡು ಮೂರು ಪದಗಳದು. ರೈತನು ಅದರಲ್ಲಿ ಮಳೆಯನ್ನು ಕಾಣುತ್ತಾನೆ, ವರ್ತಕನು ಧಾರಣೆಯನ್ನು, ರಾಜಕಾರಣಿಯು ಕುರ್ಚಿಯನ್ನು. ವಾಕ್ಯ ಒಂದೇ, ಹೊಲಕ್ಕೆ ಹೋಗುವವನು ಅದನ್ನು ಕೇಳಿ ಬೀಜ ಸಿದ್ಧಮಾಡುತ್ತಾನೆ, ಉಳಿದವರು ಲೆಕ್ಕ ಹಾಕುತ್ತಾರೆ.

ಮನೆಯೊಳಗಿನ ಭವಿಷ್ಯವಾಣಿಗಳ ಹಾನಿ ಇವೆಲ್ಲಕ್ಕಿಂತ ಹೆಚ್ಚು, ಏಕೆಂದರೆ ಅದು ಕಣ್ಣಿಗೆ ಬೀಳುವುದಿಲ್ಲ. ಅಮೆರಿಕದ ಸಮಾಜಶಾಸ್ತ್ರಜ್ಞ ರಾಬರ್ಟ್ ಮರ್ಟನ್ 1948ರಲ್ಲಿ ಒಂದು ಸಂಗತಿಯನ್ನು ವಿವರಿಸಿದನು. ಗಟ್ಟಿಯಾಗಿರುವ ಬ್ಯಾಂಕೊಂದು ಮುಳುಗುತ್ತದೆಂದು ಗಾಳಿಮಾತು ಹುಟ್ಟಿದರೆ, ಜನರೆಲ್ಲ ಒಮ್ಮೆಗೇ ಬಂದು ಹಣ ಹಿಂತೆಗೆದು, ಅದು ನಿಜವಾಗಿಯೂ ಮುಳುಗಿಹೋಗುತ್ತದೆ. ಆಡಿದ ಸುಳ್ಳು ಆಡಿದ ಕಾರಣದಿಂದಲೇ ನಿಜವಾಗುತ್ತದೆ. ಬ್ಯಾಂಕುಗಳ ತವರೆಂದು ಹೆಸರಾದ ದಕ್ಷಿಣ ಕನ್ನಡದವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಮೂಲಾ ನಕ್ಷತ್ರದಲ್ಲಿ ಹುಟ್ಟಿದವಳು ಮಾವನಿಗೆ ಕೇಡೆಂದು ನಂಬುವವರು ಇಂದಿಗೂ ಇದ್ದಾರೆ. ಅವರು ಆ ಹುಡುಗಿಯನ್ನು ಒಂದಾದ ಮೇಲೊಂದು ಮನೆಯಲ್ಲಿ ನಿರಾಕರಿಸುತ್ತಾರೆ. ಆಮೇಲೆ ಅವಳಿಗೆ ಮದುವೆಯ ಯೋಗವಿಲ್ಲವೆಂದು ಜಾತಕ ಹೇಳಿದುದು ನಿಜವಾಯಿತೆನ್ನುತ್ತಾರೆ. ಹಾಗೂ ಮದುವೆಯಾದರೆ, ಮಾವನಿಗೆ ಕೆಮ್ಮು ಬಂದ ದಿನದಿಂದ ಅವಳ ಮೇಲೆ ಕಣ್ಣು. ನುಡಿದವನು ದಕ್ಷಿಣೆ ಪಡೆದು ಹೋಗಿರುತ್ತಾನೆ, ನುಡಿಯ ಬೆಲೆಯನ್ನು ತೆರುವವಳು ಅವಳೊಬ್ಬಳು.

ಬಸವಣ್ಣನವರು ಇದನ್ನು ಎಂಟು ಶತಮಾನಗಳ ಹಿಂದೆಯೇ ಕಂಡಿದ್ದರು. ಲಗ್ನ, ತಾರಾಬಲ, ಚಂದ್ರಬಲಗಳನ್ನು ಎಣಿಸುವವರ ಎದುರಿಗೆ, ನಮ್ಮವರು ಕೇಳಿದರೆ ಎಲ್ಲವೂ ಕೂಡಿಬಂದಿದೆಯೆಂದೇ ಹೇಳಿರೆಂಬ ಭಾವವನ್ನು ಅವರು ವಚನವೊಂದರಲ್ಲಿ ತಿಳಿಸಿದ್ದಾರೆ. ಇದರಲ್ಲಿ ಶಾಸ್ತ್ರದ ಖಂಡನೆಗಿಂತ ಕೇಳಲು ಬಂದವನ ಮೇಲಿನ ಅಂತಃಕರಣ ಹೆಚ್ಚಾಗಿದೆ. ಹೆದರಿ ಬಂದವನನ್ನು ಇನ್ನಷ್ಟು ಹೆದರಿಸಿ ಕಳುಹಿಸಬಾರದೆಂಬುದು ಅದರ ಅಭಿಪ್ರಾಯ. ಇನ್ನೊಂದು ವಚನದಲ್ಲಿ ಅವರ ಧೈರ್ಯವು ಇನ್ನೂ ಮುಂದಕ್ಕೆ ಹೋಗುತ್ತದೆ. ಮುಂದೆಂದೋ ಬರುವ ವಿಪತ್ತು ಈ ಗಳಿಗೆಯಲ್ಲಿಯೇ ಬಂದರೂ ಅಂಜುವವರಾರೆಂಬ ನಿಲುವು ಅದು. ನಾಳೆಯನ್ನು ತಿಳಿಯಬೇಕೆಂಬ ಆಸೆಯ ಬೇರು ಭಯದಲ್ಲಿದೆ. ಭಯವು ಹೋದವನಿಗೆ ಕಾಲಜ್ಞಾನದಿಂದ ಆಗಬೇಕಾದುದೇನು?

ಇಲ್ಲಿ ಒಂದು ಆಕ್ಷೇಪ ಬರುವುದು ಸಹಜ. ಬಸವಣ್ಣನವರಂತಹವರು ಹಾಗೆ ಹೇಳಬಹುದು. ಸಾಲದಲ್ಲಿ ಮುಳುಗಿದ ಒಕ್ಕಲಿಗನಿಗೆ, ಆಸ್ಪತ್ರೆಯ ಬಾಗಿಲಲ್ಲಿ ಕುಳಿತ ತಾಯಿಗೆ ಅಷ್ಟು ಧೈರ್ಯ ಎಲ್ಲಿಂದ ಬರಬೇಕು? ದೈವದ ಅಭಯವೋ ಕಾರಣಿಕದ ಒಂದು ಮಾತೋ ಅವರನ್ನು ಒಂದು ರಾತ್ರಿ ನಿದ್ದೆ ಮಾಡಿಸಿದರೆ ತಪ್ಪೇನು? ತಪ್ಪಿಲ್ಲ. ಕೋಲದ ಕಳದಲ್ಲಿ ಕೈಮುಗಿದು ನಿಂತ ತಾಯಿಯನ್ನು ಅಣಕಿಸುವವನು ಶರಣನಾಗಲಾರನು. ಆದರೆ ಅವಳಿಗೆ ಅಭಯ ಕೊಟ್ಟ ನುಡಿಯು ಮಗುವನ್ನು ವೈದ್ಯನಲ್ಲಿಗೆ ಕರೆದೊಯ್ಯಲು ಬಲ ಕೊಟ್ಟಿತೋ, ವೈದ್ಯನು ಬೇಡವೆನ್ನಿಸಿತೋ ಎಂಬುದನ್ನು ಕೇಳಲೇಬೇಕು. ಆ ಒಂದು ಪ್ರಶ್ನೆಗೆ ಉತ್ತರ ಹೇಳಲಾರದ ನುಡಿಗೆ, ಅದು ಯಾವ ಪೀಠದಿಂದ ಬಂದಿರಲಿ, ಯಾವ ಓಲೆಗರಿಯಲ್ಲಿರಲಿ, ಗೌರವ ಸಲ್ಲಬೇಕಾಗಿಲ್ಲ. ಕಾವಿಯುಟ್ಟವರೇ ವರ್ಷಾರಂಭದಲ್ಲಿ ದೂರದರ್ಶನದ ಮುಂದೆ ಕುಳಿತು ಅರಸುಗಳ ಅಳಿವು ಉಳಿವನ್ನು ಹೇಳುವ ಈ ಕಾಲದಲ್ಲಿ ಈ ಮಾತನ್ನು ಮಠಗಳ ಒಳಗೇ ಮೊದಲು ಆಡಬೇಕಾಗಿದೆ.

ತುಳುನಾಡಿನ ಕೋಲದಲ್ಲಿ ಕೆಳಗೆ ತಳ್ಳಲ್ಪಟ್ಟವನು ಒಂದು ರಾತ್ರಿ ಯಜಮಾನನೆದುರು ಸತ್ಯ ನುಡಿಯುತ್ತಾನೆ. ಬೆಳಗಾದೊಡನೆ ಬಣ್ಣ ತೊಳೆದುಹೋಗುತ್ತದೆ, ಮಾತೂ ಹೋಗುತ್ತದೆ. ಕಲ್ಯಾಣದ ಶರಣರು ಮಾಡಿದುದು ಇದಕ್ಕಿಂತ ಹೆಚ್ಚಿನದು. ಡೋಹರ ಕಕ್ಕಯ್ಯ, ನುಲಿಯ ಚಂದಯ್ಯ, ಆಯ್ದಕ್ಕಿ ಲಕ್ಕಮ್ಮನಂತಹವರು ಬಣ್ಣವಿಲ್ಲದೆ, ಆವೇಶವಿಲ್ಲದೆ, ಹಾಡಹಗಲಿನಲ್ಲಿ, ತಮ್ಮ ಸ್ವಂತ ಹೆಸರಿನಿಂದ, ಮಂತ್ರಿಯೆದುರಿಗೂ ಮಾತನಾಡಿದರು. ದೈವವು ಮೈಮೇಲೆ ಬಂದಾಗ ಮಾತ್ರ ದೊರಕುತ್ತಿದ್ದ ಮಾತಿನ ಹಕ್ಕು ಅಂಗದ ಮೇಲೆ ಲಿಂಗವಿದ್ದ ಎಲ್ಲರಿಗೂ ಎಲ್ಲ ಕಾಲಕ್ಕೂ ದೊರಕಿತು. ಅವರಿಗೆ ನಾಳೆ ಬರಲಿರುವುದು ತಿಳಿಯದೆ ಇದ್ದಿತೆಂದಲ್ಲ. ಹರಳಯ್ಯ ಮಧುವರಸರು ಮಕ್ಕಳ ಲಗ್ನಕ್ಕೆ ಒಪ್ಪಿದಾಗ ಬಿಜ್ಜಳನ ಆಸ್ಥಾನವು ಸುಮ್ಮನಿರದೆಂದು ಊಹಿಸಲು ಕಾಲಜ್ಞಾನಿಯೇ ಬೇಕಾಗಿರಲಿಲ್ಲ. ಕಲ್ಯಾಣದ ಬೀದಿಯ ಹುಡುಗರೂ ಬಲ್ಲ ಸಂಗತಿ ಅದು. ಬಲ್ಲವರಾಗಿಯೂ ಅವರು ಲಗ್ನವನ್ನು ನಡೆಸಿದರು.

ಲಕ್ಕಮ್ಮನ ಕಥೆ ಎಲ್ಲರಿಗೂ ತಿಳಿದುದೇ. ಗಂಡ ಮಾರಯ್ಯನು ಚೆಲ್ಲಿದ ಅಕ್ಕಿಯನ್ನು ಆಯ್ದು ತರುವ ಕಾಯಕದವನು. ಒಂದು ದಿನ ಎಂದಿಗಿಂತ ಹೆಚ್ಚಾಗಿ ತಂದನು. ನಾಳೆ ಹೇಗೋ ಏನೋ ಎಂಬ ಸಣ್ಣ ಲೆಕ್ಕ ಅವನ ಮನಸ್ಸಿನಲ್ಲಿಯೂ ಹೊಕ್ಕಿದ್ದಿರಬಹುದು; ಆ ದಂಪತಿಗಳಿಗಿಂತ ನಾಳೆಯನ್ನು ಹೆದರಲು ಹೆಚ್ಚಿನ ಕಾರಣವಿದ್ದವರು ಕಲ್ಯಾಣದಲ್ಲಿ ಬಹಳ ಮಂದಿ ಇರಲಾರರು. ಲಕ್ಕಮ್ಮನು ಮೊರವನ್ನು ನೋಡಿದಳು, ಅಂದಿನ ದಾಸೋಹಕ್ಕೆ ಬೇಕಾದಷ್ಟನ್ನು ತೆಗೆದಿಟ್ಟುಕೊಂಡಳು, ಮಿಕ್ಕುದನ್ನು ತಂದಲ್ಲಿಯೇ ಹಾಕಿ ಬರಲು ಹೇಳಿದಳು. ಮಾರಯ್ಯನು ಅಕ್ಕಿಯನ್ನು ಕಟ್ಟಿಕೊಂಡು ಬಂದ ದಾರಿಯಲ್ಲಿಯೇ ಹಿಂದಿರುಗಿ ಹೋದನು.